ರಾಜು ತಾಳಿಕೋಟೆ: ನಾಟಕ ಕಂಪನಿಯಿಂದ ಪೋಷಕ ಪಾತ್ರಗಳಿಗೆ

ಕನ್ನಡ ವೃತ್ತಿ ರಂಗಭೂಮಿಯ ಹಾಸ್ಯನಟ, ಕಂಪನಿ ಮಾಲೀಕ, ಚಲನಚಿತ್ರಗಳ ಪೋಷಕ ನಟ. ವಿಜಯಪುರ ಜಿಲ್ಲೆಯವರು. ಮೂಲ ಹೆಸರು ರಾಜೇಸಾಬ. ರಂಗದ ಮೇಲೂ ತೆರೆಯ ಮೇಲೂ ತಾಳಿಕೋಟೆ ಎಂಬ ಊರ ಹೆಸರೇ ಗುರುತಾಯಿತು.

ಉತ್ತರ ಕರ್ನಾಟಕದಲ್ಲಿ ನಾಟಕದವರನ್ನು ಊರ ಹೆಸರಿನಿಂದ ಕರೆಯುವುದು ಹಳೆಯ ರೂಢಿ. ಏಣಗಿ ಬಾಳಪ್ಪನವರಿಂದ ಬೆಳಗಾವಿ ಜಿಲ್ಲೆಯ ಏಣಗಿ ನಾಡಿಗೆಲ್ಲ ಗೊತ್ತಾಯಿತು. ಧಾರವಾಡ ಜಿಲ್ಲೆ ಕುಂದಗೋಳ ತಾಲ್ಲೂಕಿನ ಗುಡಗೇರಿಗೆ ಆ ಹೆಸರು ತಂದವರು ಕಂಪನಿ ಕಟ್ಟಿದ ನಟ ಗುಡಗೇರಿ ಎನ್. ಬಸವರಾಜ. ಜಾತ್ರೆ ಬಂತೆಂದರೆ ಇಂಥ ಕಂಪನಿಗಳು ಊರೂರಿಗೆ ಹೋಗಿ ತಗಡಿನ ಥಿಯೇಟರ್ ಹಾಕಿ ಕ್ಯಾಂಪ್ ಮಾಡುತ್ತಿದ್ದವು. ಬಾದಾಮಿ ಬನಶಂಕರಿಯ ಜಾತ್ರೆಯಲ್ಲಿ ಹಲವು ಕಂಪನಿಗಳು ಒಟ್ಟಿಗೇ ನಿಲ್ಲುತ್ತವೆ. ಪಕ್ಕದ ಥಿಯೇಟರಿಗೆ ಹೊರಟ ಜನರನ್ನು ತನ್ನತ್ತ ಸೆಳೆಯುವ ಹೊಣೆ ಬಹುಪಾಲು ಹಾಸ್ಯಪಾತ್ರದವನ ಮೇಲೆ. ರಾಜು ತಾಳಿಕೋಟೆ ಪಳಗಿದ್ದು ಈ ಪೈಪೋಟಿಯಲ್ಲಿ.

ಅವರ ಮನೆತನವೇ ನಾಟಕದ್ದು. ತಂದೆ ತಾಯಿಯ ಕಾಲದಿಂದ ಬಂದ ಖಾಸ್ಗತೇಶ್ವರ ನಾಟ್ಯ ಸಂಘವನ್ನು ಮುಂದೆ ತಾವೇ ನಡೆಸಿದರು. ಅವರನ್ನು ಮನೆಮಾತಾಗಿಸಿದ್ದು ‘ಕಲಿಯುಗದ ಕುಡುಕ’ ನಾಟಕ. ಅದರಲ್ಲಿ ಕುಡುಕನೊಬ್ಬ ಮಾತನಾಡುತ್ತಾ ಹೋಗುತ್ತಾನೆ. ಸಂಸಾರ, ರಾಜಕಾರಣ, ಹಣ, ಯಾವುದನ್ನೂ ಬಿಡುವುದಿಲ್ಲ. ಎಚ್ಚರ ಇದ್ದವರು ಆಡಲು ಅಂಜುವ ಮಾತನ್ನು ಅವನು ಆಡುತ್ತಾನೆ. ಆಡಿಯೊ ಕ್ಯಾಸೆಟ್ ರೂಪದಲ್ಲಿ ಅದು ಕಂಪನಿ ಹೋಗದ ಊರುಗಳಿಗೂ ತಲುಪಿತು. ಹೀಗಾಗಿ ಮುಖ ಕಾಣುವ ಮೊದಲೇ ಅವರ ದನಿ ಜನರಿಗೆ ಪರಿಚಿತವಾಗಿತ್ತು. ಅವರ ನಟನೆಯ ತಿರುಳೂ ಆ ದನಿಯೇ: ತುಸು ಒರಟು, ಏರಿಳಿತ ಬಲ್ಲದ್ದು, ಎಲ್ಲಿ ತಡೆದರೆ ಜನ ನಗುತ್ತಾರೆಂದು ತಿಳಿದದ್ದು.

ಕಂಪನಿಯಿಂದ ಸಿನಿಮಾಕ್ಕೆ ಹೋಗುವ ದಾರಿ ಹಳೆಯದು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಜೊತೆ ಬಂದ ನರಸಿಂಹರಾಜು ರಂಗಭೂಮಿಯ ಹಾಸ್ಯವನ್ನು ತೆರೆಗೆ ತಂದರು. ಹೊಡೆದಾಟದ ಚಿತ್ರಗಳ ಖಳನಾಗಿ ಹೆಸರಾದ ಸುಧೀರ್ ಕೂಡ ನಾಟಕದ ನಂಟು ಬಿಡಲಿಲ್ಲ. ಪತ್ನಿ ಮಾಲತಿ ಸುಧೀರ್ ಕರ್ನಾಟಕ ಕಲಾ ವೈಭವ ಸಂಘವನ್ನು ನಡೆಸಿದರು. ಆದರೂ ಉತ್ತರ ಕರ್ನಾಟಕದ ಆಡುಮಾತನ್ನು ಸಿನಿಮಾ ಬಹುಕಾಲ ಅಣಕಕ್ಕೆ ಬಳಸಿದ್ದೇ ಹೆಚ್ಚು.

ಯೋಗರಾಜ್ ಭಟ್ ನಿರ್ದೇಶನದ ‘ಮನಸಾರೆ’ (2009) ರಾಜು ತಾಳಿಕೋಟೆಯವರನ್ನು ರಾಜ್ಯದ ಉಳಿದ ಭಾಗಗಳಿಗೂ ಪರಿಚಯಿಸಿತು. ಅಲ್ಲಿ ಅವರ ಮಾತು ಅಣಕವಾಗಿ ಕೇಳಿಸುವುದಿಲ್ಲ, ಪಾತ್ರದ ಸಹಜ ನುಡಿಯಾಗಿಯೇ ಬರುತ್ತದೆ. ‘ಪಂಚರಂಗಿ’ (2010), ‘ಮೈನಾ’, ‘ಟೋಪಿವಾಲಾ’ (ಎರಡೂ 2013) ಸೇರಿ ಹಲವು ಚಿತ್ರಗಳಲ್ಲಿ ನಟಿಸಿದರು. ಬಿಗ್ ಬಾಸ್ ಕನ್ನಡದ ಏಳನೇ ಆವೃತ್ತಿಯಲ್ಲೂ ಪಾಲ್ಗೊಂಡರು. ಸಿನಿಮಾ ಕೊಟ್ಟದ್ದು ಬಹುಮಟ್ಟಿಗೆ ಸಣ್ಣ ಪಾತ್ರಗಳನ್ನು. ಇಡೀ ರಾತ್ರಿಯ ನಾಟಕವನ್ನು ಒಬ್ಬರೇ ಹೊತ್ತು ನಡೆಸಬಲ್ಲ ನಟನಿಗೆ ಅದು ಸಾಲದು; ಅವರ ಪೂರ್ಣ ಶಕ್ತಿಯನ್ನು ಕಂಡವರು ನಾಟಕದ ಪ್ರೇಕ್ಷಕರೇ.

2024ರಲ್ಲಿ ಅವರು ಧಾರವಾಡ ರಂಗಾಯಣದ ನಿರ್ದೇಶಕರಾದರು. ಕಂಪನಿ ನಾಟಕವನ್ನು ಅಗ್ಗದ ಮನರಂಜನೆ ಎಂದು ಹವ್ಯಾಸಿ ರಂಗದ ಹಲವರು ದೂರವಿಟ್ಟಿದ್ದರು. ಸರ್ಕಾರದ ರಂಗಸಂಸ್ಥೆಯೊಂದರ ಹೊಣೆ ಕಂಪನಿಯ ಹಾಸ್ಯನಟನಿಗೆ ಬಂದದ್ದು ಆ ಪರಂಪರೆಗೇ ಸಂದ ಮನ್ನಣೆ. ಚಿತ್ರೀಕರಣಕ್ಕೆಂದು ಉಡುಪಿ ಜಿಲ್ಲೆಗೆ ಹೋಗಿದ್ದಾಗ ಹೃದಯಾಘಾತವಾಗಿ, 2025ರ ಅಕ್ಟೋಬರ್ 13ರಂದು ಮಣಿಪಾಲದ ಆಸ್ಪತ್ರೆಯಲ್ಲಿ ನಿಧನರಾದರು.

ಅವರ ಸಿನಿಮಾಗಳು ಹೇಗೂ ಉಳಿಯುತ್ತವೆ. ನಾಟಕದ ಕ್ಯಾಸೆಟ್‌ಗಳು ಹಾಗಲ್ಲ, ಅವುಗಳ ಸುರುಳಿ ಹಾಳಾಗುತ್ತದೆ. ಮನೆಯ ಅಟ್ಟದಲ್ಲಿ ಅಂಥವು ಇದ್ದವರು ಎಸೆಯದೆ, ಧ್ವನಿಮುದ್ರಣಗಳನ್ನು ಕಾಪಿಡುವ ಸಂಸ್ಥೆಗಳಿಗೆ ಒಪ್ಪಿಸಬೇಕು.