ಸಿದ್ದಾಪುರದ ಕಲ್ಲು, ಅಪ್ಪು ದನಿ

ತೀರಿಹೋದವರ ವಾಟ್ಸಾಪ್ ವಾಯ್ಸ್ ಮೆಸೇಜ್ ಡಿಲೀಟ್ ಮಾಡೋಕೆ ಮನಸ್ಸು ಬರದವರು ಕೇಳುಗರಲ್ಲಿ ತುಂಬ ಜನ ಇರ್ತೀರಿ. ಈಗ ಆ ದನಿಯನ್ನ ಎಐಗೆ ಕೊಟ್ಟರೆ ಅದು ಹೊಸ ಮಾತನ್ನೂ ಆಡುತ್ತೆ. ತಂತ್ರ ಹೊಸದು, ಆಸೆ ಹಳೇದು. ಎಷ್ಟು ಹಳೇದು ಅಂತ ನೋಡೋಕೆ ಮೊಳಕಾಲ್ಮೂರು ತಾಲ್ಲೂಕಿನ ಸಿದ್ದಾಪುರಕ್ಕೆ ಹೋಗೋಣ.

ಪಕ್ಕದಲ್ಲೇ ಬ್ರಹ್ಮಗಿರಿ. 1947ರಲ್ಲಿ ಮಾರ್ಟಿಮರ್ ವೀಲರ್ ಅಲ್ಲಿ ಅಗೆಸಿದಾಗ ಕಬ್ಬಿಣ ಯುಗದ ಕಲ್ಲುಗೋರಿಗಳು ಸಿಕ್ಕವು. ಚಪ್ಪಡಿ ನಿಲ್ಲಿಸಿ ಮಾಡಿದ ಪೆಟ್ಟಿಗೆ. ಒಳಗೆ ಮಡಕೆ, ಕಬ್ಬಿಣದ ಸಾಮಾನು, ದೇಹ ಕರಗಿದ ಮೇಲೆ ಆಯ್ದು ತಂದಿಟ್ಟ ಮೂಳೆ. ಪೂರ್ವದ ಚಪ್ಪಡಿಯಲ್ಲಿ ಒಂದು ದುಂಡನೆ ಕಿಂಡಿ. ಮತ್ತೆ ಮತ್ತೆ ಮೂಳೆ ಇಡೋಕೆ ಅಂತಾರೆ ಕೆಲವರು, ಆತ್ಮ ಓಡಾಡೋಕೆ ಅಂತಾರೆ ಇನ್ನು ಕೆಲವರು. ನನಗಂತೂ ಅದು ಪೂರ್ತಿ ಮುಚ್ಚೋಕೆ ಮನಸ್ಸಾಗದೆ ಬಿಟ್ಟ ಜಾಗದ ಹಾಗೆ ಕಾಣುತ್ತೆ.

ಅಲ್ಲೇ ಅಶೋಕನ ಶಾಸನಗಳೂ ಇವೆ. 1892ರಲ್ಲಿ ಬಿ.ಎಲ್. ರೈಸ್ ಪತ್ತೆ ಮಾಡಿದ್ದು. ತಂದೆತಾಯಿ ಮಾತು ಕೇಳಬೇಕು, ಸತ್ಯ ಹೇಳಬೇಕು ಅನ್ನೋದು ದೊರೆಯ ಮಾತು. ಕೊನೆಗೆ ಬರೆದವನು ತನ್ನ ಹೆಸರನ್ನೂ ಹಾಕಿದ್ದಾನೆ: ಚಪಡ. ‘ಲಿಪಿಕಾರ’ ಅನ್ನೋ ಪದವನ್ನ ದೂರದ ವಾಯವ್ಯದ ಖರೋಷ್ಠಿ ಲಿಪಿಯಲ್ಲಿ ಕೆತ್ತಿದ್ದಾನೆ. (ಸ್ವಲ್ಪ ಜಂಬ ಇತ್ತೇನೋ!) ಮಾತು ಯಾರದು, ಕೈ ಯಾರದು, ಎರಡೂ ಕಲ್ಲಲ್ಲೇ ಇದೆ.

ಇದನ್ನ ಮನಸ್ಸಲ್ಲಿಟ್ಟುಕೊಂಡು ‘ಜೇಮ್ಸ್’ ಸಿನಿಮಾಕ್ಕೆ ಬನ್ನಿ. ಪುನೀತ್ ರಾಜ್‌ಕುಮಾರ್ 2021ರ ಅಕ್ಟೋಬರ್ 29ರಂದು ತೀರಿಕೊಂಡಾಗ ಅದರ ಡಬ್ಬಿಂಗ್ ಬಾಕಿ ಇತ್ತು. 2022ರ ಮಾರ್ಚ್ 17, ಅವರ ಹುಟ್ಟುಹಬ್ಬದ ದಿನ ತೆರೆಗೆ ಬಂದಾಗ ಕೇಳಿದ್ದು ಅಣ್ಣ ಶಿವರಾಜ್‌ಕುಮಾರ್ ದನಿ. ಏಪ್ರಿಲ್‌ನಲ್ಲಿ, ತಂತ್ರಜ್ಞಾನದ ನೆರವಿಂದ, ಅಪ್ಪು ದನಿಯಲ್ಲೇ ಮತ್ತೆ ಬಂತು. ಅದರಲ್ಲಿ ಮೋಸ ಇಲ್ಲ ಅನ್ನೋದು ನನ್ನ ಅಭಿಪ್ರಾಯ. ಆ ಸಂಭಾಷಣೆಗೆ ತುಟಿ ಆಡಿಸಿದ್ದು ಅವರೇ. ಆದರೂ ನನಗೆ ಹೆಚ್ಚು ತಟ್ಟಿದ್ದು ತಮ್ಮನಿಗೆ ದನಿ ಕೊಟ್ಟ ಅಣ್ಣನ ಮಾರ್ಚ್ ಆವೃತ್ತಿ.

ಚಾಟ್‌ಬಾಟ್ ಕಥೆ ಬೇರೆ. 2015ರಲ್ಲಿ ಮಾಸ್ಕೋದಲ್ಲಿ ಅಪಘಾತದಲ್ಲಿ ಸತ್ತ ರೋಮನ್ ಮಜುರೆಂಕೊ ಅವರ ಮೆಸೇಜ್‌ಗಳನ್ನ ಸೇರಿಸಿ ಗೆಳತಿ ಯುಜೀನಿಯಾ ಕುಯ್ಡಾ ಒಂದು ಬಾಟ್ ಕಟ್ಟಿದರು. ಕೆಲವು ಗೆಳೆಯರಿಗೆ ಸಮಾಧಾನ ಆಯ್ತು, ಕೆಲವರು ಅದನ್ನ ಮುಟ್ಟಲೇ ಇಲ್ಲ. ನಮ್ಮ ಮನೆಗಳಲ್ಲೂ ಹಾಗೇ ಆಗುತ್ತೆ: ಮೊಮ್ಮಗಳಿಗೆ ಅಜ್ಜಿ ದನಿ ಬೇಕು, ಮಗನಿಗೆ ಬೇಡ. ಮಾಡೋ ಹಾಗಿದ್ರೆ ಮೊದಲು ಆ ಮಗನನ್ನ ಕೇಳಿ. ಅಜ್ಜಿ ನಿಜವಾಗಿ ಆಡಿದ್ದು ಯಾವುದು, ಯಂತ್ರ ಕಟ್ಟಿದ್ದು ಯಾವುದು ಅಂತ ಫೈಲಿನ ಹೆಸರಲ್ಲೇ ಬರೆದಿಡಿ.