ಮಲ್ಲೀಶ್ವರಿಯ ಪಲ್ಲಕ್ಕಿ

1951ನೆಯ ಡಿಸೆಂಬರ್ ತಿಂಗಳಲ್ಲಿ ಮದರಾಸಿನ ವಾಹಿನೀ ಸಂಸ್ಥೆಯವರ ‘ಮಲ್ಲೀಶ್ವರಿ’ ಎಂಬ ತೆಲುಗು ವಾಕ್ಚಿತ್ರ ತೆರೆಗೆ ಬಂದಿತು. ಅದನ್ನು ನಿರ್ಮಿಸಿ ನಿರ್ದೇಶಿಸಿದವರು ಬಿ. ಎನ್. ರೆಡ್ಡಿಯವರು. ನಾಯಕಿ ಪಿ. ಭಾನುಮತಿ, ನಾಯಕ ಎನ್. ಟಿ. ರಾಮರಾವ್. ಇಂಪಾದ ಹಾಡುಗಳುಳ್ಳ ಪ್ರೇಮಕಥೆಯೆಂದು ಜನ ಅದನ್ನು ಮೆಚ್ಚಿಕೊಂಡರು. ಎರಡು ವರ್ಷಗಳೊಳಗೆ ಚೀನೀ ಭಾಷೆಯ ಅಡಿಬರಹಗಳೊಡನೆ ಅದು ಚೀನ ದೇಶದಲ್ಲಿಯೂ ಪ್ರದರ್ಶಿತವಾಯಿತು. ಕಥೆ ನಡೆಯುವುದು ಶ್ರೀಕೃಷ್ಣದೇವರಾಯನ ಕಾಲದಲ್ಲಿ. ಆದುದರಿಂದ ಕನ್ನಡಿಗನಿಗೂ ಚರಿತ್ರೆಯ ವಿದ್ಯಾರ್ಥಿಗೂ ಅದರಲ್ಲಿ ಸ್ವಲ್ಪ ಬಾಧ್ಯತೆಯುಂಟು.

ಕಥೆ ಸರಳವಾದುದು. ವೀರಾಪುರವೆಂಬ ಹಳ್ಳಿಯಲ್ಲಿ ಮಲ್ಲಿ ಮತ್ತು ಅವಳ ಸೋದರತ್ತೆಯ ಮಗ ನಾಗರಾಜು ಜೊತೆಯಾಗಿ ಬೆಳೆದವರು. ಹುಡುಗ ಕಲ್ಲು ಕೆತ್ತುವವನು. ಹುಡುಗಿ ಹಾಡಿ ಕುಣಿಯಬಲ್ಲವಳು. ಒಂದು ಮಳೆಯ ಸಂಜೆ ಇಬ್ಬರೂ ದಾರಿಯ ಛತ್ರವೊಂದನ್ನು ಸೇರಿದಾಗ ಮಾರುವೇಷದಿಂದ ಸಂಚರಿಸುತ್ತಿದ್ದ ರಾಯನೂ ಅವನ ಆಸ್ಥಾನಕವಿ ಅಲ್ಲಸಾನಿ ಪೆದ್ದನನೂ ಅಲ್ಲಿಯೇ ತಂಗಿದ್ದಾರೆ. ಮಲ್ಲಿಯ ನೃತ್ಯವನ್ನು ಕಂಡು ಅವರು ತಲೆದೂಗುತ್ತಾರೆ. ಹುಡುಗಾಟಿಕೆಯ ನಾಗರಾಜು, ರಾಯರನ್ನು ಕಂಡರೆ ನಮ್ಮ ಮಲ್ಲಿಗೆ ಪಲ್ಲಕ್ಕಿ ಕಳುಹಿಸುವಂತೆ ಹೇಳಿರೆಂದು ಆ ಅಪರಿಚಿತರೊಡನೆ ನಗೆಯಾಡುತ್ತಾನೆ. ಬಡವನಿಗೆ ಮಗಳನ್ನು ಕೊಡಲೊಲ್ಲದ ಮಲ್ಲಿಯ ತಾಯಿಯ ಮಾತು ತಾಳಲಾರದೆ ಅವನು ದುಡ್ಡು ಸಂಪಾದಿಸಲು ಊರು ಬಿಟ್ಟು ಹೋದಾಗ, ಪಲ್ಲಕ್ಕಿ ನಿಜವಾಗಿಯೇ ಬಾಗಿಲಿಗೆ ಬರುತ್ತದೆ. ತಾಯಿ ಹಿಗ್ಗುತ್ತಾಳೆ, ಮಗಳು ಅರಮನೆಯ ಪಾಲಾಗುತ್ತಾಳೆ. ಮುಂದೆ ನಾಗರಾಜು ಶಿಲ್ಪಿಯಾಗಿ ರಾಜಧಾನಿಗೆ ಬಂದು, ಅವಳನ್ನು ಕಂಡು, ರಾಣೀವಾಸದ ಕಟ್ಟಳೆ ಮುರಿದ ತಪ್ಪಿಗೆ ಮರಣದಂಡನೆಗೆ ಗುರಿಯಾಗುತ್ತಾನೆ. ಹಳೆಯ ಛತ್ರದ ಮಾತು ಹೊರಬಿದ್ದ ಮೇಲೆ ರಾಯನು ಇಬ್ಬರನ್ನೂ ಕ್ಷಮಿಸಿ ಕಳುಹಿಸುತ್ತಾನೆ.

ಈ ಕಥೆಯ ಬೇರೊಂದು ಬಾನುಲಿಯಲ್ಲಿದೆ ಎಂಬುದು ನಮ್ಮ ಓದುಗರಿಗೆ ಪ್ರಿಯವಾಗಬಹುದು. ಮದರಾಸು ಆಕಾಶವಾಣಿಯಲ್ಲಿ ಕೆಲಸಮಾಡಿದ ತೆಲುಗು ಲೇಖಕ ಬುಚ್ಚಿಬಾಬು ರಾಯನ ಕರುಣೆಯನ್ನು ಕುರಿತು ಬರೆದ ಒಂದು ರೇಡಿಯೋ ನಾಟಕವನ್ನೂ, ದೇವನ್ ಶರರ್ ಎಂಬವರು ಇಂಗ್ಲಿಷಿನಲ್ಲಿ ಬರೆದ ಒಂದು ಸಣ್ಣಕಥೆಯನ್ನೂ ಕೂಡಿಸಿ ಚಿತ್ರದ ಕಥೆಯನ್ನು ಹೆಣೆದರು. ಪೆದ್ದನನ ವೇಷ ಹಾಕಿದ ನ್ಯಾಯಪತಿ ರಾಘವರಾವ್ ಸಹ ಬಾನುಲಿಯವರೇ. ಆಂಧ್ರದ ಮಕ್ಕಳೆಲ್ಲ ‘ರೇಡಿಯೋ ಅಣ್ಣಯ್ಯ’ ಎಂದು ಕರೆಯುತ್ತಿದ್ದುದು ಅವರನ್ನೇ. ಮಾತು ಮತ್ತು ಹಾಡುಗಳನ್ನು ಬರೆದವರು ದೇವುಲಪಲ್ಲಿ ಕೃಷ್ಣಶಾಸ್ತ್ರಿಗಳು. ಚಿತ್ರಕ್ಕಾಗಿ ಅವರು ಲೇಖನಿ ಹಿಡಿದುದು ಇದೇ ಮೊದಲು. ಕಿವಿಯೊಂದನ್ನೇ ನಂಬಿ ಬರೆಯುವ ಅಭ್ಯಾಸವುಳ್ಳವರ ಕೈ ಈ ಚಿತ್ರದಲ್ಲಿ ಎದ್ದು ಕಾಣುತ್ತದೆ. ಕಣ್ಣು ಮುಚ್ಚಿ ಕೇಳಿದರೂ ಕಥೆ ಕೆಡದು.

ಸಾಲೂರಿ ರಾಜೇಶ್ವರರಾಯರ ಸಂಗೀತದ ವಿಷಯ ಹೇಳಲು ಈ ಪುಟ ಸಾಲದು. ಒಂದು ಹಾಡನ್ನು ಮಾತ್ರ ನೆನೆಯುತ್ತೇನೆ. ಅಗಲಿದ ಪ್ರೇಮಿಗಳಿಬ್ಬರೂ ಬೇರೆ ಬೇರೆ ಸ್ಥಳಗಳಲ್ಲಿ ನಿಂತು ಆಕಾಶದಲ್ಲಿ ಸಾಗುವ ಮೇಘವನ್ನು ಕರೆದು ತಮ್ಮ ಸಂದೇಶವನ್ನು ಹೇಳುತ್ತಾರೆ. ರಾಗ ಭೀಂಪಲಾಸ್, ಹಾಡಿದವರು ಘಂಟಸಾಲ ಮತ್ತು ಭಾನುಮತಿ. ಕಾಳಿದಾಸನ ಕಾವ್ಯದಲ್ಲಿ ಮಾತನಾಡುವವನು ಯಕ್ಷನೊಬ್ಬನೇ. ಅಲಕೆಯಲ್ಲಿರುವ ಆಕೆ ಏನು ಹೇಳುತ್ತಿದ್ದಳೆಂಬುದನ್ನೂ ಅವನ ಬಾಯಿಂದಲೇ ಊಹಿಸಬೇಕು. ಕೃಷ್ಣಶಾಸ್ತ್ರಿಗಳು ಆಕೆಗೂ ಒಂದು ಧ್ವನಿ ಕೊಟ್ಟರು. ಇದು ಸಣ್ಣ ಬದಲಾವಣೆಯಲ್ಲ.

ಇನ್ನು ಚರಿತ್ರೆಗೆ ಬರೋಣ. ವೀರಾಪುರದ ಮಲ್ಲಿಯನ್ನು ಯಾವ ಶಾಸನವೂ ಅರಿಯದು. ಅವಳು ಕಲ್ಪನೆಯ ಕೂಸು. ಆದರೆ ಅವಳು ಹೋಗಿ ಸೇರಿದ ಅಂತಃಪುರ ಕಲ್ಪನೆಯಲ್ಲ. ಸುಮಾರು 1520ರಲ್ಲಿ ವಿಜಯನಗರವನ್ನು ಕಂಡ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸನೂ, ಹದಿನೈದು ವರ್ಷಗಳ ತರುವಾಯ ಬರೆದ ಫೆರ್ನಾಂ ನೂನಿಜನೂ ಅದರ ವಿವರಗಳನ್ನು ಬಿಟ್ಟು ಹೋಗಿದ್ದಾರೆ. ಆ ಬರಹಗಳನ್ನು ರಾಬರ್ಟ್ ಸ್ಯೂಯೆಲ್ 1900ರಲ್ಲಿ ಇಂಗ್ಲಿಷಿಗೆ ತಂದನು. ಅರಮನೆಯ ಬಾಗಿಲುಗಳ ಒಳಗೆ ಹನ್ನೆರಡು ಸಾವಿರಕ್ಕೂ ಮಿಕ್ಕಿ ಹೆಂಗಸರಿದ್ದರೆಂದು ಪಾಯೆಸನು ಬರೆಯುತ್ತಾನೆ. ಸಂಖ್ಯೆಯನ್ನು ಅವನು ಎಣಿಸಿ ಹೇಳಿದ್ದಲ್ಲ, ಕೇಳಿ ಹೇಳಿದ್ದು. ಅದರಲ್ಲಿ ಎಷ್ಟು ಕಳೆಯಬೇಕೋ ಕಳೆಯೋಣ. ಕತ್ತಿ ಗುರಾಣಿ ಹಿಡಿಯುವವರು, ಕುಸ್ತಿ ಆಡುವವರು, ವಾದ್ಯ ನುಡಿಸುವವರು ಅವರಲ್ಲಿದ್ದರು. ಒಳಗಿನ ಖರ್ಚುವೆಚ್ಚದ ಲೆಕ್ಕ ಬರೆಯುವ ಹೆಂಗಸರಿದ್ದರು. ರಾಜ್ಯದ ವ್ಯವಹಾರಗಳನ್ನು ಬರೆದು ಹೊರಗಿನ ಕರಣಿಕರ ಕಡತದೊಡನೆ ತಾಳೆ ನೋಡುವ ಹೆಂಗಸರೂ ಇದ್ದರೆಂದು ನೂನಿಜನು ಸೇರಿಸುತ್ತಾನೆ. ಈ ಕೊನೆಯ ಮಾತನ್ನು ನಮ್ಮ ಪಠ್ಯಪುಸ್ತಕಗಳು ಏಕೋ ಹೇಳುವುದೇ ಇಲ್ಲ. ಮುತ್ತುರತ್ನಗಳನ್ನು ಬೀದಿಯಲ್ಲಿ ಸೇರಿನಿಂದ ಅಳೆದರೆಂಬ ಮಾತನ್ನು ಮಾತ್ರ ತಪ್ಪದೆ ಹೇಳುತ್ತವೆ.

ಹೊರಗಿನ ಗಂಡಸರಾರೂ ಈ ಸ್ತ್ರೀಯರನ್ನು ನೋಡುವಂತಿರಲಿಲ್ಲ. ಅವರು ಹೊರಟರೆ ಮುಚ್ಚಿದ ಪಲ್ಲಕ್ಕಿಯಲ್ಲಿಯೇ ಹೊರಡಬೇಕು. ಸುತ್ತಲೂ ನೂರಾರು ನಪುಂಸಕರ ಕಾವಲು. ಹಳ್ಳಿಯ ಬಾಗಿಲಿಗೆ ಬಂದ ಪಲ್ಲಕ್ಕಿಯನ್ನು ಕಂಡು ತಾಯಿ ಹಿಗ್ಗಿದಳಲ್ಲ, ಅದರ ಒಳಗೆ ಕುಳಿತವಳಿಗೆ ದಾರಿ ಕಾಣುತ್ತಿರಲಿಲ್ಲ.

ಪಾಯೆಸನು ವರ್ಣಿಸಿರುವ ನಾಟ್ಯಶಾಲೆಯನ್ನು ಓದಿದಾಗ ಚಿತ್ರದ ನಾಗರಾಜು ಕಣ್ಣಮುಂದೆ ನಿಲ್ಲುತ್ತಾನೆ. ಅಲ್ಲಿನ ಫಲಕಗಳಲ್ಲಿ ಕುಣಿಯುವ ಹೆಂಗಸರ ಬೊಂಬೆಗಳನ್ನು ಕೆತ್ತಿದ್ದರಂತೆ. ಒಂದೊಂದು ಫಲಕವೂ ಒಂದೊಂದು ನೃತ್ಯದ ಮುಕ್ತಾಯದ ಭಂಗಿ. ಕುಣಿದು ನಿಲ್ಲುವಾಗ ಹೇಗೆ ನಿಲ್ಲಬೇಕೆಂಬುದು ಮರೆತರೆ ಆ ಫಲಕದ ಕಡೆ ನೋಡಿ ನೆನಪು ಮಾಡಿಕೊಳ್ಳಬೇಕು. ಶಾಲೆಯ ಒಂದು ತುದಿಯಲ್ಲಿ ಕೈಯಿಂದ ಹಿಡಿದು ಮೈಯನ್ನು ಎಳೆದು ಬಳುಕಿಸುವ ಅಭ್ಯಾಸಕ್ಕೆ ಏರ್ಪಾಡಿತ್ತು. ಶಿಲ್ಪವೇ ಪಾಠದ ಹೊತ್ತಿಗೆಯಾದ ಇಂಥ ಶಾಲೆಯನ್ನು ಕಟ್ಟಿದ ಊರಿನಲ್ಲಿ, ಒಬ್ಬ ಶಿಲ್ಪಿ ತನ್ನವಳ ನಿಲುವನ್ನು ಕಲ್ಲಿಗೆ ಇಳಿಸುವುದು ಅಸಂಭವವೆಂದು ಹೇಳುವುದು ಹೇಗೆ?

ರಾಯನ ಸ್ವಂತ ಪ್ರೇಮವೃತ್ತಾಂತವೂ ಒಂದುಂಟು. ಪಟ್ಟಕ್ಕೆ ಬರುವ ಮೊದಲು ಅವನು ಒಬ್ಬ ವೇಶ್ಯಾಸ್ತ್ರೀಯನ್ನು ಪ್ರೀತಿಸಿದ್ದನು. ಅರಸನಾದರೆ ಮದುವೆಯಾಗುವೆನೆಂದು ಮಾತು ಕೊಟ್ಟು, 1509ರಲ್ಲಿ ಅರಸನಾದ ಮೇಲೆ ಆ ಮಾತನ್ನು ನಡೆಸಿದನು. ನೂನಿಜನು ಅವಳನ್ನು ಚಿನ್ನಾದೇವಿ ಎನ್ನುತ್ತಾನೆ. ರಾತ್ರಿ ಅವಳ ಮನೆಗೆ ಹೋಗುತ್ತಿದ್ದ ರಾಯನನ್ನು ಸಾಳುವ ತಿಮ್ಮರಸನು ಹಿಂಬಾಲಿಸಿ ಗದರಿಸಿದ ಕಥೆಯನ್ನೂ ಹೇಳುತ್ತಾನೆ. 1970ರಲ್ಲಿ ಬಿ. ಆರ್. ಪಂತುಲು ಅವರು ರಾಜಕುಮಾರ್ ಅವರನ್ನು ರಾಯನ ಪಾತ್ರದಲ್ಲಿರಿಸಿ ತೆಗೆದ ಕನ್ನಡ ಚಿತ್ರದಲ್ಲಿ ಈ ಚಿನ್ನಾದೇವಿ ಬರುತ್ತಾಳೆ. ಮಲ್ಲೀಶ್ವರಿಯ ಕಥೆಗಾರರು ಅದನ್ನು ಮುಟ್ಟಲಿಲ್ಲ. ತಾನು ಮೆಚ್ಚಿದವಳನ್ನು ಪಡೆದ ಅರಸನಿಗೆ, ಮೆಚ್ಚಿದವಳನ್ನು ಕಳೆದುಕೊಂಡ ಕಲ್ಲುಕುಟಿಗನ ಸಂಕಟ ಬೇಗ ತಿಳಿದೀತು ಎಂದು ಒಂದು ಮಾತು ಅಲ್ಲಿ ಬಂದಿದ್ದರೆ, ಆ ಕ್ಷಮೆಗೆ ಇನ್ನಷ್ಟು ಬಲ ಬರುತ್ತಿತ್ತೆಂದು ನನಗೆ ತೋರುತ್ತದೆ. ಚಿತ್ರದಲ್ಲಿ ರಾಯನ ಮೇಲೆ ದೋಷವೇ ಬೀಳದು. ಎಲ್ಲಕ್ಕೂ ಒಂದು ನಗೆಮಾತು ಕಾರಣವಾಗಿಬಿಡುತ್ತದೆ. ಇಲ್ಲಿ ಮಾತ್ರ ಚರಿತ್ರೆಗಿಂತ ಚಿತ್ರ ಹೆಚ್ಚು ರಾಜಭಕ್ತಿಯುಳ್ಳದ್ದು.

ಈ ರಾಯ ಯಾರವನು ಎಂಬ ಜಗಳವನ್ನು ಎತ್ತುವವರು ಇದ್ದೇ ಇರುತ್ತಾರೆ. ಚಿತ್ರದಲ್ಲಿ ವಿಜಯನಗರವೆಲ್ಲ ತೆಲುಗು ಮಾತನಾಡುತ್ತದೆ. ಅದು ಬಂದ ವರ್ಷ ಹಂಪೆ ಬಳ್ಳಾರಿ ಜಿಲ್ಲೆಯ ಜೊತೆಗೆ ಮದರಾಸು ರಾಜ್ಯದಲ್ಲಿಯೇ ಇತ್ತು. 1953ರ ಅಕ್ಟೋಬರ್ 1ರಂದು ಆಂಧ್ರರಾಜ್ಯ ಹುಟ್ಟಿದ ದಿನವೇ ಆ ಜಿಲ್ಲೆಯ ಬಹುಭಾಗ ಮೈಸೂರಿಗೆ ಸೇರಿತು. ಗಡಿಯ ವಾದಗಳು ಕಾವೇರಿದ್ದ ಆ ದಿನಗಳಲ್ಲಿ ಎರಡು ಕಡೆಯವರೂ ರಾಯನನ್ನು ಸಾಕ್ಷಿಗೆ ಕರೆದರು. ಅವನಾದರೋ ಎರಡು ಕಡೆಗೂ ಸಾಕ್ಷಿ ಹೇಳಬಲ್ಲವನು. ‘ಕನ್ನಡರಾಜ್ಯ ರಮಾರಮಣ’ ಎಂಬ ಬಿರುದು ಅವನದು. ಕುಮಾರವ್ಯಾಸನು ಹತ್ತು ಪರ್ವಗಳಿಗೆ ನಿಲ್ಲಿಸಿದ ಭಾರತವನ್ನು ತಿಮ್ಮಣ್ಣ ಕವಿಯಿಂದ ಮುಗಿಸಿಸಿದವನು ಅವನು. ಅದೇ ಅರಸ ತಾನಾಗಿ ಬರೆದ ಕಾವ್ಯ ‘ಆಮುಕ್ತಮಾಲ್ಯದ’ ತೆಲುಗಿನದು. ಶ್ರೀಕಾಕುಳದ ಆಂಧ್ರವಿಷ್ಣುವು ಕನಸಿನಲ್ಲಿ ಬಂದು ತೆಲುಗಿನಲ್ಲಿ ಬರೆಯೆಂದು ಅಪ್ಪಣೆ ಕೊಟ್ಟನೆಂದು ಅದರ ಪೀಠಿಕೆಯಲ್ಲಿದೆ. ಅಲ್ಲಿಯೇ ಅವನಿಗೆ ‘ಕನ್ನಡರಾಯ’ ಎಂಬ ಸಂಬೋಧನೆಯೂ ಇದೆ. ವ್ಯಾಜ್ಯ ಹೂಡುವವರು ಆ ಪೀಠಿಕೆಯನ್ನು ಪೂರ್ತಿಯಾಗಿ ಓದಿಕೊಂಡರೆ ಸಾಕು.

ಪಲ್ಲಕ್ಕಿಯ ಮಾತು ಇನ್ನೂ ಸ್ವಲ್ಪ ಉಳಿದಿದೆ. ‘ಮನುಚರಿತ್ರ’ವನ್ನು ಬರೆದ ಪೆದ್ದನನಿಗೆ ರಾಯನು ಗಂಡಪೆಂಡೆಯವನ್ನು ತಾನೇ ತೊಡಿಸಿ, ಅವನ ಪಲ್ಲಕ್ಕಿಗೆ ತನ್ನ ಕೈಯನ್ನೇ ಕೊಟ್ಟು ಎತ್ತಿದನೆಂದು ಪ್ರಸಿದ್ಧಿ; ರಾಯನು ಗತಿಸಿದ ಮೇಲೆ ಮುದಿ ಪೆದ್ದನನು ಅದನ್ನು ನೆನೆದು ಅತ್ತ ಪದ್ಯವನ್ನು ತೆಲುಗರು ಇಂದಿಗೂ ಬಾಯಲ್ಲಿ ಇಟ್ಟುಕೊಂಡಿದ್ದಾರೆ. ರಾಣಿಯರಿಗೂ ಹೆಸರುಳಿದಿದೆ. 1513ರಲ್ಲಿ ತಿರುಮಲಾದೇವಿಯೂ ಚಿನ್ನಾದೇವಿಯೂ ತಿರುಪತಿಯ ದೇವರಿಗೆ ಹಾಲಿನ ನೈವೇದ್ಯಕ್ಕೆಂದು ಚಿನ್ನದ ಬಟ್ಟಲುಗಳನ್ನು ಒಪ್ಪಿಸಿದುದು ಅಲ್ಲಿಯ ಶಾಸನಗಳಲ್ಲಿದೆ. ರಾಯನ ಇಕ್ಕೆಲದಲ್ಲಿ ಕೈಮುಗಿದು ನಿಂತ ಅವರ ಲೋಹಪ್ರತಿಮೆಗಳ ಮೈಮೇಲೆ ಹೆಸರುಗಳನ್ನು ಕೊರೆದಿದ್ದಾರೆ. ಪಾಯೆಸನು ಕೇಳಿದ ಆ ಸಾವಿರಾರು ಮಂದಿಯಲ್ಲಿ ಲೆಕ್ಕ ಬರೆದವರ ಹೆಸರಾಗಲಿ ಕುಣಿದವರ ಹೆಸರಾಗಲಿ ಅವನ ಪುಸ್ತಕದಲ್ಲಿಲ್ಲ. ಹಂಪೆಯ ಮಹಾನವಮಿ ದಿಬ್ಬದ ಪಟ್ಟಿಕೆಗಳಲ್ಲಿ ಆನೆ ಕುದುರೆಗಳ ಸಾಲಿನ ನಡುವೆ ನರ್ತಕಿಯರ ಸಾಲುಗಳೂ ಇವೆ. ಅಲ್ಲಿಗೆ ಹೋದವರು ಕಲ್ಲಿನ ರಥವನ್ನು ನೋಡುವ ಅವಸರದಲ್ಲಿ ಅವನ್ನು ಬಿಟ್ಟು ಬರಬಾರದು. ಬಿಸಿಲು ಓರೆಯಾಗಿ ಬೀಳುವ ಬೆಳಗಿನ ಹೊತ್ತಿನಲ್ಲಿ ಆ ಕೈಗಳ ಮಡಿಕೆ, ಪಾದಗಳ ಇಡುವಿಕೆ ಚೆನ್ನಾಗಿ ಕಾಣುತ್ತವೆ.