ಒಂದೇ ಚಿತ್ರದ ನಿರ್ದೇಶಕ

1969ರಲ್ಲಿ ಅಂದಿನ ಯುಗೊಸ್ಲಾವಿಯದಲ್ಲಿ ತೆರೆಕಂಡ ಎರಡು ಚಿತ್ರಗಳನ್ನು ಅಕ್ಕಪಕ್ಕದಲ್ಲಿಟ್ಟು ನೋಡಬೇಕು. ಮೊದಲನೆಯದು ವೆಲ್ಕೊ ಬುಲಾಯಿಚ್ ನಿರ್ದೇಶಿಸಿದ ‘ನೆರೆತ್ವಾ ಕದನ’. ಎರಡನೆಯ ಮಹಾಯುದ್ಧದ ಪಾರ್ಟಿಸಾನ್ ಹೋರಾಟ ಅದರ ವಸ್ತು. ಯೂಲ್ ಬ್ರಿನ್ನರ್, ಆರ್ಸನ್ ವೆಲ್ಸ್‌ರಂಥ ಘಟಾನುಘಟಿಗಳು, ಸಹಸ್ರಾರು ಸೈನಿಕರು, ಅಧ್ಯಕ್ಷ ಟಿಟೊ ಅವರ ಬೆಂಬಲ, ಯಾವುದಕ್ಕೂ ಕೊರತೆಯಿರಲಿಲ್ಲ. ಎರಡನೆಯದು ಜಾಗ್ರೆಬ್ ನಗರದ ಕಪ್ಪು-ಬಿಳುಪಿನ ಪುಟ್ಟ ಚಿತ್ರ, ‘ಸ್ಲುಚಾಯ್ನಿ ಝಿವೊಟ್’. ಎಂದರೆ ‘ಆಕಸ್ಮಿಕ ಬದುಕು’. ಫಿಲಿಪ್, ಸ್ಟಾಂಕೊ ಎಂಬ ಇಬ್ಬರು ತರುಣ ಗುಮಾಸ್ತರು ಕಚೇರಿಗೆ ಹೋಗುತ್ತಾರೆ, ಬರುತ್ತಾರೆ, ಬಿಡುವಿನಲ್ಲಿ ದೋಣಿಗೆ ಹುಟ್ಟುಹಾಕುತ್ತಾರೆ. ದಿನಗಳು ಸುಮ್ಮನೆ ಸವೆಯುತ್ತವೆ. ವೀರಗಾಥೆಗಳಿಗೆ ಒಗ್ಗಿದ್ದ ನಾಡಿನಲ್ಲಿ ಇಂಥ ಚಿತ್ರಕ್ಕೆ ಆದರ ದೊರೆಯಲಿಲ್ಲವೆಂದರೆ ಅಚ್ಚರಿಯೇನು? ಕ್ರೊಯೇಷಿಯದ ಆಧುನಿಕ ಚಿತ್ರಗಳ ಸಾಲಿನಲ್ಲಿ ವಿಮರ್ಶಕರು ಅದಕ್ಕೆ ಗೌರವದ ಸ್ಥಾನ ಕೊಟ್ಟದ್ದು ಬಹುಕಾಲದ ಮೇಲೆ.

ಅದರ ನಿರ್ದೇಶಕರು ಆಂತೆ ಪೆಟರ್ಲಿಚ್. 1936ರಲ್ಲಿ ಜನಿಸಿದ ಅವರು ಮತ್ತೊಂದು ಕಥಾಚಿತ್ರವನ್ನು ಮಾಡಲಿಲ್ಲ. ಸೋತ ಕಲಾವಿದ ಅಧ್ಯಾಪಕನಾದನೆಂದು ಹೇಳಿ ಮುಗಿಸುವುದು ಸುಲಭ; ನನಗೆ ಅದು ಒಪ್ಪಿತವಲ್ಲ. 1976ರಲ್ಲಿ ಅವರು ಪ್ರಕಟಿಸಿದ ಗ್ರಂಥದ ವಿಷಯವೇ ಚಲನಚಿತ್ರದಲ್ಲಿ ಕಾಲದ ಪರಿಕಲ್ಪನೆ ಮತ್ತು ರಚನೆ. ಗುಮಾಸ್ತರ ಬರಿದಾದ ಹೊತ್ತನ್ನು ತೆರೆಯ ಮೇಲೆ ಹಿಡಿಯಲು ಹೊರಟಿದ್ದವರು ಅದೇ ಪ್ರಶ್ನೆಯನ್ನು ಲೇಖನಿ ಹಿಡಿದು ಮುಂದುವರಿಸಿದರೆಂದೇ ನಾನು ತಿಳಿಯುತ್ತೇನೆ.

ಮರುವರ್ಷ ಬಂದ ‘ಚಲನಚಿತ್ರ ಸಿದ್ಧಾಂತದ ಮೂಲತತ್ತ್ವಗಳು’ ಪಠ್ಯವಾಗಿ ಹಲವು ಪೀಳಿಗೆಗಳನ್ನು ತಿದ್ದಿತು. ಹೊರಜಗತ್ತು ಬೆಳಕಿನಲ್ಲಿಯೂ ಧ್ವನಿಯಲ್ಲಿಯೂ ಅಚ್ಚೊತ್ತಿದ ದಾಖಲೆಯೇ ಚಲನಚಿತ್ರವೆಂಬುದು ಅವರ ನಿರೂಪಣೆ. ಹಾಗಾದರೆ ಕಲೆಯೆಲ್ಲಿ? ಚೌಕಟ್ಟು ಲೋಕದ ಒಂದು ತುಣುಕನ್ನಷ್ಟೇ ಕತ್ತರಿಸಿ ತೋರುತ್ತದೆ, ಆಳವಿಲ್ಲದ ತೆರೆ ಆಳದ ಭ್ರಮೆ ಹುಟ್ಟಿಸುತ್ತದೆ, ಕ್ಯಾಮೆರಾದ ಕೋನ ಬದಲಾದರೆ ಪರಿಚಿತ ಮುಖವೂ ಬೇರೆಯಾಗುತ್ತದೆ. ವಾಸ್ತವದೊಡನೆ ಚಿತ್ರಕ್ಕಿರುವ ಸಾದೃಶ್ಯವನ್ನೂ ಭೇದವನ್ನೂ ಅವರು ಹೀಗೆ ಬಿಡಿಸಿ ನೋಡಿದರು. ಲೋಕದ ಮಾತಿನಿಂದ ಕವಿಯ ಮಾತು ಬಾಗುವೆಡೆಯಲ್ಲಿ ಕಾವ್ಯವನ್ನು ಕಂಡ ಕುಂತಕನನ್ನು ಓದಿದವರಿಗೆ ಈ ದಾರಿ ಅಪರಿಚಿತವಲ್ಲ.

ಪೆಟರ್ಲಿಚ್ ಪಾಠ ಹೇಳಿದ್ದು ಜಾಗ್ರೆಬ್ ವಿಶ್ವವಿದ್ಯಾಲಯದ ತೌಲನಿಕ ಸಾಹಿತ್ಯ ವಿಭಾಗದಲ್ಲಿ. ಚಲನಚಿತ್ರವನ್ನು ಕಾದಂಬರಿ, ನಾಟಕಗಳ ಮಗ್ಗುಲಲ್ಲಿ ಕೂರಿಸಿದವರಲ್ಲಿ ಅವರು ಅಗ್ರಗಣ್ಯರು. ಸಾಹಿತ್ಯವನ್ನೇ ಕಲಿಸಿ ನಿವೃತ್ತನಾದ ನನ್ನಂಥವನಿಗೆ ಈ ನೆರೆಹೊರೆ ಮೊದಲು ಕೊಂಚ ಇರಿಸುಮುರಿಸೇ. ತಾರುಣ್ಯದಲ್ಲಿ ಅವರು ಹಿಚ್‌ಕಾಕ್‌ನನ್ನು ಆರಾಧಿಸುವ ಜಾಗ್ರೆಬ್‌ನ ವಿಮರ್ಶಕರ ಬಳಗದಲ್ಲಿದ್ದವರು. ಜನ ಬರಿಯ ಮನರಂಜನೆಯೆಂದು ಬಗೆದ ಚಿತ್ರಗಳನ್ನು ಕಾವ್ಯದಂತೆ ಓದುವ ಸಾಹಸ ಅದು.

ಇನ್ನು ಅವರ ಪ್ರಧಾನ ಸಂಪಾದಕತ್ವದ ‘ಚಲನಚಿತ್ರ ವಿಶ್ವಕೋಶ’. ಜಾಗ್ರೆಬ್‌ನ ಕೋಶಸಂಸ್ಥೆಯಿಂದ ಮೊದಲ ಸಂಪುಟ 1986ರಲ್ಲಿಯೂ ಎರಡನೆಯದು 1990ರಲ್ಲಿಯೂ ಹೊರಬಂದವು. 1991ರ ಜೂನ್‌ನಲ್ಲಿ ಕ್ರೊಯೇಷಿಯ ಸ್ವಾತಂತ್ರ್ಯವನ್ನು ಘೋಷಿಸಿತು, ಯುದ್ಧ ಹೊತ್ತಿಕೊಂಡಿತು. ಬೆಲ್‌ಗ್ರೇಡ್, ಸರಾಯೆವೊ, ಲ್ಯುಬ್ಲಿಯಾನಗಳ ಚಿತ್ರಕಾರರನ್ನು ಅಕಾರಾದಿಯಾಗಿ ಒಂದೇ ಸೂರಿನಡಿ ಕೂಡಿಸಿದ ಪುಸ್ತಕ ಉಳಿಯಿತು. ಅವರನ್ನು ಕೂಡಿಸಿದ್ದ ದೇಶ ಉಳಿಯಲಿಲ್ಲ.

2007ರಲ್ಲಿ ಪೆಟರ್ಲಿಚ್ ತೀರಿಕೊಂಡರು. ಅವರು ಬರೆದ ಚಲನಚಿತ್ರ ಚರಿತ್ರೆ 2008ರಲ್ಲಿ ಅಚ್ಚಾಯಿತು. ಆರಂಭ ಕಾಲ ಮತ್ತು ಅಭಿಜಾತ ಯುಗಗಳಿಗೇ ಅದು ಮೀಸಲು. ‘ಆಕಸ್ಮಿಕ ಬದುಕು’ ಹುಟ್ಟಿದ ಆಧುನಿಕ ಯುಗ ಅದರ ಎಲ್ಲೆಯ ಆಚೆಗಿದೆ.